ಅಪ್ಪನ ಕಿಂಡರ್‌ಗಾರ್ಟನ್

ಬಾವಿಕಟ್ಟೆಯ ಬದಿಯಲ್ಲಿ ನೀರುಕಡ್ಡಿ ಗಿಡದ ನೀರು ತುಂಬಿದ ದಂಟು ಮುರಿದಾಗ ಬರುವ ಹಸಿ ಸಾಸಿವೆಯಂಥ ವಾಸನೆ ಮೂಗಿಗೆ ಬಡಿದರೆ ಈಗಲೂ ನನಗೆ ಬಂಟ್ವಾಳದ ಆ ಮಧ್ಯಾಹ್ನ ನೆನಪಾಗುತ್ತದೆ.

ಅಪ್ಪ ಪೇಟೆಯ ಅಂಗಡಿಗಳಿಗೆ ಅಕ್ಕಿಮೂಟೆ ಹೊರುತ್ತಿದ್ದರು. ನಾನು ಹೈಸ್ಕೂಲು ಸೇರಿದ ವರ್ಷ ನನ್ನ ಹಳೆಯ ಸ್ಲೇಟು ಹಿಡಿದುಕೊಂಡು ಬಂದು, "ನನಗೂ ನಾಲ್ಕಕ್ಷರ ಕಲಿಸು ಮಗಾ" ಅಂದರು. ಆದಿತ್ಯವಾರ ಊಟವಾದ ಮೇಲೆ ಜಗಲಿಯಲ್ಲಿ ಕೂತು ಬರೆಯುವರು, ತಪ್ಪಿದರೆ ನೀರುಕಡ್ಡಿಯಿಂದ ಉಜ್ಜಿ ಒರೆಸುವರು.

ನಮ್ಮ ಇಂಗ್ಲಿಷ್ ಮಾಸ್ತರರು ತಪ್ಪು ಓದಿದವರನ್ನು 'ಕಿಂಡರ್‌ಗಾರ್ಟನ್' ಎಂದು ಗದರುತ್ತಿದ್ದರು. ಅದು ಜರ್ಮನ್ ಮಾತು, ಮಕ್ಕಳ ತೋಟ ಎಂದು ಅರ್ಥ, ಇಂಗ್ಲಿಷಿನವರು ಪುಟ್ಟ ಮಕ್ಕಳ ಶಾಲೆಗೆ ಹಾಗೆನ್ನುತ್ತಾರೆ ಎಂದೂ ಹೇಳಿದ್ದರು. ನಮಗೆ ಮಾತ್ರ ಅದು ಬೈಗುಳವೇ ಆಗಿತ್ತು.

ಆ ದಿನ ಸಹಪಾಠಿಯೊಬ್ಬ ಅಂಗಳಕ್ಕೆ ಬಂದ. ಅಪ್ಪ ಬಗ್ಗಿ ಕೂತು 'ಅ' ತಿದ್ದುತ್ತಿದ್ದರು. ಅವನು ನಗುವ ಮೊದಲೇ ನಾನು, "ನೋಡು ಮಾರಾಯ, ನಮ್ಮ ಮನೆಯ ಕಿಂಡರ್‌ಗಾರ್ಟನ್!" ಎಂದೆ. ಇಬ್ಬರೂ ಹೊಟ್ಟೆ ಹಿಡಿದುಕೊಂಡು ನಕ್ಕೆವು.

ಅಪ್ಪನೂ ನಕ್ಕರು. "ಹಾಗೆಂದರೆ ಎಂಥದು ಮಗಾ?"

"ಏನೂ ಗೊತ್ತಿಲ್ಲದವರ ಕ್ಲಾಸು."

"ಹೌದಲ್ಲ, ಸರಿಯಾಗಿಯೇ ಉಂಟು" ಎಂದು ಅವರು ಸ್ಲೇಟನ್ನು ನನ್ನ ಪುಸ್ತಕಗಳ ಬದಿಗಿಟ್ಟು, ಅಂಗಿ ಹಾಕಿಕೊಂಡು ಪೇಟೆಯ ಕಡೆಗೆ ಹೊರಟರು.

ಮತ್ತೆ ಅವರು ನನ್ನ ಹತ್ತಿರ ಒಂದಕ್ಷರವನ್ನೂ ಕೇಳಲಿಲ್ಲ. ಮುಂದೊಮ್ಮೆ ನಾವಿಬ್ಬರೂ ಮೂಡಬಿದಿರೆಗೆ ಹೊರಟಿದ್ದೆವು. ಬಸ್ಸು ಬಂದು ನಿಂತಿತು. ನಾನು ಪಕ್ಕದಲ್ಲೇ ಇದ್ದೆ. ಅಪ್ಪ ನನ್ನನ್ನು ದಾಟಿ ಹೋಗಿ, ಗುರುತಿಲ್ಲದವರೊಬ್ಬರನ್ನು, "ಇದು ಎಲ್ಲಿಗೆ ಹೋಗುವ ಬಸ್ಸು ಅಣ್ಣಾ?" ಎಂದು ಕೇಳಿದರು.