ಸಾಲಿನ ಮೊದಲ ಜೋಡಿ

“ಯಾರ ಚಪ್ಪಲಿ ಇವು, ಇಷ್ಟು ಹೊರಮಗ್ಗಲಾ ಸವದಾವು?”

ಹಲೀಮಾಬಿ ತನ್ನಷ್ಟಕ್ಕೇ ಕೇಳಿಕೊಂಡಳು. ಕೀಲುನೋವಿನ ಶಿಬಿರ ನಡೆದಿದ್ದ ಗುಡಗೇರಿಯ ಸಮುದಾಯ ಭವನದ ಮುಂದೆ ಜನರ ಬದಲು ಚಪ್ಪಲಿಗಳು ಸಾಲು ಹಚ್ಚಿದ್ದವು. ಅವುಗಳ ಒಡೆಯರು ಬೇವಿನ ನೆರಳಲ್ಲಿ ಮೊಣಕಾಲು ತಿಕ್ಕುತ್ತ ಕೂತಿದ್ದರು.

ಮೂವತ್ತು ವರ್ಷ ಸಂತೆಯಲ್ಲಿ ಚಪ್ಪಲಿ ಮಾರಿದವಳು ಹಲೀಮಾಬಿ. ಅಟ್ಟೆಯ ಸವೆತ ನೋಡಿ ಮೊಣಕಾಲಿನ ಗತಿ ಹೇಳುವವಳು. ಹೊಸ್ತಿಲ ಬಳಿಯ ಆ ಕಂದು ಜೋಡಿ ಸಾಲಿಗೆ ಮೊದಲು. ಕಾಲು ಬಿಲ್ಲಾಗಿ ಬಾಗಿದ ಯಾವನೋ ಪಾಪದವನದು.

ಒಳಗಿನಿಂದ ಡಾಕ್ಟರ್ ಭೀಮೇಶನ ದನಿ ಮೊಳಗಿತು: “ಕೀಲಿನಾಗ ಒಂದ ಇಂಜೆಕ್ಷನ್! ಸವದ ಕೀಲು ಹೊಸಾದು!”

“ಖರೇನ ಬೇ,” ಎಂದಳು ಬಾಜುವಿನ ಫಕೀರವ್ವ. “ಹೋದ ಸಲದ್ದು ಹದಿನೈದು ದಿನ ತಡೀತು.”

“ಹದಿನೈದು ದಿನದ ಹೊಸಾ ಕೀಲು! ನನ್ನ ಅಂಗಡಿ ಹವಾಯಿ ಚಪ್ಪಲಿನೂ ವರ್ಷ ತಾಳ್ತಾವು.”

ಹಲೀಮಾಬಿ ನಗುತ್ತಿದ್ದಳು, ಸಾಲು ಮಾತ್ರ ಬಿಡಲಿಲ್ಲ. ಮೊಣಕಾಲು ಮಡಚಲಾಗದೆ ಎರಡು ವರ್ಷದಿಂದ ಅವಳ ನಮಾಜು ಕುರ್ಚಿಯ ಮೇಲೆ. ಒಂದೇ ಒಂದು ಸಲ ಹಣೆ ನೆಲಕ್ಕೆ ಮುಟ್ಟಬೇಕಿತ್ತು.

ಕಿಟಕಿಯಲ್ಲಿ ಡಾಕ್ಟರ್ ಕಾಣುತ್ತಿದ್ದ. ಗಾಲಿಯ ಸ್ಟೂಲಿನ ಮೇಲೆ ಕೂತೇ ಒಂದು ಮಂಚದಿಂದ ಇನ್ನೊಂದಕ್ಕೆ ಉರುಳುತ್ತಿದ್ದ. ಬಾಗಿಲವರೆಗೂ ಎದ್ದು ಬರಲಿಲ್ಲ.

“ನವಾಬ ನೋಡ, ಕುಂಡಿ ಎತ್ತಂಗಿಲ್ಲ,” ಎಂದು ಹಲೀಮಾಬಿ ಮೂಗು ಮುರಿದಳು.

ಚುಚ್ಚಿಸಿಕೊಂಡವರು ಚಪ್ಪಲಿ ಮೆಟ್ಟಿ ಹೋದರು. ಉಳಿದವು ಮುಂದೆ ಸರಿದವು. ಕಂದು ಜೋಡಿ ಮಾತ್ರ ಅಲುಗಲಿಲ್ಲ. ಯಾವನೋ ಪಾಳಿ ಇಟ್ಟು ಚಹಾಕ್ಕೆ ಹೋಗಿದ್ದಾನೆ ಎಂದುಕೊಂಡು ಎಲ್ಲರೂ ಅದನ್ನು ದಾಟಿದರು. ಫಕೀರವ್ವನೂ ಹೋದಳು. ಕೊನೆಗೆ ಉಳಿದವು ಎರಡೇ ಜೋಡಿ: ಅದು ಮತ್ತು ಹಲೀಮಾಬಿಯದು.

ಅವಳು ಒಳಗೆ ಹೋಗಿ ಮಂಚದ ಮೇಲೆ ಕೂತಳು. ಡಾಕ್ಟರ್ ಸಿರಿಂಜು ತುಂಬಿಸಿದ.

“ಕಾಲು ಚಾಚ್ರಿ ಅಮ್ಮಾ.” ಅವಳು ಚಾಚಿದಳು.

“ತಡೀರಿ ಸಾಹೇಬ್ರ. ನನಕಿಂತ ಮುಂದ ಒಬ್ಬಾಂವ ಅದಾನ. ಹೊಸ್ತಿಲದಾಗ ಕಂದು ಚಪ್ಪಲಿ ಬಿಟ್ಟಾನ. ಅವನ ಕೀಲು ಅಗದಿ ಹೋಗ್ಯಾವ್ರಿ, ಮೊದಲ ಅವಗ ಚುಚ್ಚರಿ.”

ಡಾಕ್ಟರ್ ನಕ್ಕ. “ಅಯ್ಯ, ಅವು ನನ್ನವು.”

ಹಲೀಮಾಬಿ ಗಾಲಿಯ ಸ್ಟೂಲನ್ನು ನೋಡಿದಳು. ಅದರ ಎರಡೂ ಬದಿಗೆ ಬಿಲ್ಲಿನಂತೆ ಬಾಗಿ ನಿಂತಿದ್ದ ಕಾಲುಗಳನ್ನು ನೋಡಿದಳು. ಚಾಚಿದ್ದ ತನ್ನ ಕಾಲನ್ನು ಮೆಲ್ಲಗೆ ಹಿಂದಕ್ಕೆ ಎಳೆದುಕೊಂಡಳು.

“ಹಂಗಾರ ಪಾಳಿ ನಿಮ್ದ ಐತ್ರಿ. ಮೊದಲ ನೀವ ಚುಚ್ಚಿಕೊಳ್ರಿ.”

“ನಾ ಒಲ್ಲೆ,” ಎಂದ ಡಾಕ್ಟರ್.