ಪೆಲ್ ತಿಂದ ಮೊಂಬತ್ತಿ

ಕರ್ನಲ್ ಹಾರ್ಕರ್ ಊಟದ ಮನೆಗೆ ಕಾಲಿಟ್ಟಾಗ, ಹೊಸದಾಗಿ ಸೇರಿದ್ದ ಕೆಡೆಟ್ ಟೋಬಿ ಪೆಲ್ ದನದ ಕೊಬ್ಬಿನ ಮೊಂಬತ್ತಿಯೊಂದನ್ನು ಅಗಿಯುತ್ತಿದ್ದ. ಗದ್ದದ ಮೇಲೆ ಜಿಡ್ಡು ಇಳಿದಿತ್ತು. ಸುತ್ತ ನಿಂತಿದ್ದ ಹಿರಿಯ ಕೆಡೆಟ್‌ಗಳು ಮೆಕ್ಕೆಜೋಳದ ರೊಟ್ಟಿ ಮೆಲ್ಲುತ್ತ ನಗುತ್ತಿದ್ದರು. ಕರ್ನಲ್‌ನನ್ನು ಕಂಡು ಪೆಲ್ ಸೆಟೆದು ನಿಂತು ಸೆಲ್ಯೂಟ್ ಹೊಡೆದ. ಅಗಿಯುವುದನ್ನು ಮಾತ್ರ ನಿಲ್ಲಿಸಲಿಲ್ಲ.

"ಉಗಿ ಅದನ್ನ," ಎಂದ ಕರ್ನಲ್.

ಹುಡುಗ ಹಿರಿಯರ ಮುಖಂಡ ಗ್ರೇಡನ್‌ನ ಕಡೆ ನೋಡಿದ. ಅವನು ತಲೆಯಾಡಿಸಿದ ಮೇಲೆಯೇ ಉಗಿದ. ಇಪ್ಪತ್ತು ವರ್ಷ ಸೇನೆಯ ಎಂಜಿನಿಯರಾಗಿ ಕಡಲಂಚಿನಲ್ಲಿ ಕೋಟೆ ಕಟ್ಟಿ, ಆಮೇಲೆ ಕೆಂಟಕಿಗೆ ಬಂದು ಈ ಸೈನಿಕ ಶಾಲೆ ತೆರೆದಿದ್ದ ಹಾರ್ಕರ್ ಗ್ರೇಡನ್‌ನತ್ತ ತಿರುಗಿದ.

"ಪ್ರತಿ ವರ್ಷ ನಡೆಯೋದೇ ಸರ್," ಎಂದ ಗ್ರೇಡನ್. "ಹೊಸಬರಿಗೆ ಶಿಸ್ತು ಬರಬೇಕಲ್ಲ. ನಾವೂ ತಿಂದವರೇ."

"ನನ್ನ ಶಾಲೇಲಿ ಶಿಸ್ತು ಅಂದ್ರೆ ಇದಾ? ಹೋಗಿ ಪೆಟ್ಟಿಗೆ ಕಟ್ಟು. ಮಧ್ಯಾಹ್ನ ನದಿಯ ಹಡಗಿಗೆ ನೀನು ಮನೆಗೆ ಹೊರಡ್ತೀಯ."

ಗ್ರೇಡನ್ ಬಿಳಿಚಿಕೊಂಡು ಹೊರನಡೆದ. ಕರ್ನಲ್ ಜೇಬಿನಿಂದ ಕರವಸ್ತ್ರ ತೆಗೆದು ಪೆಲ್‌ನತ್ತ ಚಾಚಿದ. "ಬಾಯಿ ಒರಸ್ಕೋ ಮಗು. ಇನ್ಮೇಲೆ ಇಲ್ಲಿ ಯಾರೂ ಯಾರಿಗೂ ಹೀಗೆ ಮಾಡೋ ಹಾಗಿಲ್ಲ."

ಪೆಲ್‌ನ ಮುಖ ಜೋತುಬಿತ್ತು.

"ಯಾರೂ ಅಂದ್ರೆ, ನಾನೂನಾ ಸರ್?" ಎಂದು ಕೇಳಿದ. "ಮತ್ತೆ ನಾನು ತಿಂದಿದ್ದು? ಮುಂದಿನ ವರ್ಷ ನಾನು ಯಾರಿಗೆ ತಿನ್ನಿಸ್ಲಿ?"

ಊಟದ ಮನೆಯಲ್ಲಿ ಒಬ್ಬರೂ ನಗಲಿಲ್ಲ. ಅಲ್ಲಿದ್ದವರಿಗೆಲ್ಲ ಆ ಪ್ರಶ್ನೆ ನ್ಯಾಯವಾಗಿಯೇ ಕಂಡಿತ್ತು. ಕರ್ನಲ್ ಚಾಚಿದ್ದ ಕೈಯನ್ನು ಹಿಂದಕ್ಕೆಳೆದುಕೊಂಡ.