ಸ್ವಲ್ಪ ವಾಲ್ಯೂಮ್ ಕಡಿಮೆ ಮಾಡಿ

“ಇವರನ್ನು ಹೊರಗೆ ಕೂರಿಸುದು ಬೇಡ ಮೇಡಂ. ಇವರಿಗೋಸ್ಕರವೇ ನಾನು ಬಂದದ್ದು,” ಎನ್ನುತ್ತಾ ಅಮ್ಮಣಿ ಗಂಡ ನೋಣಯ್ಯನವರ ಕೈ ಹಿಡಿದು ಸ್ಟುಡಿಯೋದ ಒಳಗೇ ಕರೆತಂದರು. ಸ್ಟುಡಿಯೋ ಎಂದರೆ ಹಂಪನಕಟ್ಟೆಯ ಹಳೆಯ ಲಾಡ್ಜೊಂದರ ಎರಡನೇ ಮಹಡಿಯ ಕೋಣೆ. ಮೂವರು ಕೂತರೆ ನಾಲ್ಕನೆಯವರ ಮೊಣಕಾಲು ಕ್ಯಾಮೆರಾದ ಸ್ಟ್ಯಾಂಡಿಗೆ ತಾಗುತ್ತದೆ. ನೋಣಯ್ಯನವರು ಗೋಡೆಗೆ ಒತ್ತಿ ಕುಳಿತು ಎಲ್ಲರನ್ನೂ ನೋಡಿ ನಕ್ಕರು. ಬೈಕಂಪಾಡಿಯ ಕಾರ್ಖಾನೆಯೊಂದರಲ್ಲಿ ಮೂವತ್ತು ವರ್ಷ ತಗಡು ಬಡಿಯುವ ಯಂತ್ರದ ಪಕ್ಕ ನಿಂತ ಮನುಷ್ಯ. ಕಿವಿ ಮುಕ್ಕಾಲು ಪಾಲು ಅಲ್ಲೇ ಹೋಗಿತ್ತು.

ಬೆನಿಟಾಳ ಪಾಡ್‌ಕಾಸ್ಟಿಗೆ ಇದು ಇಪ್ಪತ್ತೈದನೇ ಕಂತು. ಐದು ವರ್ಷ ಕೇಬಲ್ ಟಿವಿಯಲ್ಲಿ ವಾರ್ತೆ ಓದಿ, ಹದಿನಾಲ್ಕು ವರ್ಷ ರೇಡಿಯೋದಲ್ಲಿ ಶನಿವಾರದ ಫೋನ್-ಇನ್ ನಡೆಸಿ, ಕೊನೆಗೊಂದು ದಿನ ‘ಇನ್ನು ಎಲ್ಲ ಕಾರ್ಯಕ್ರಮ ಬೆಂಗಳೂರಿನಿಂದಲೇ’ ಎಂಬ ಎರಡು ಸಾಲಿನ ಮೇಲ್ ಓದಿಕೊಂಡು ಮನೆಗೆ ಬಂದವಳು ಆಕೆ. ಬರುವಾಗ ತಂದದ್ದು ಹಳೆಯ ರೆಕಾರ್ಡಿಂಗುಗಳ ಪೆನ್‌ಡ್ರೈವ್ ಒಂದು, ಊರಿಗೆಲ್ಲ ಬಾಯಿಪಾಠವಾಗಿದ್ದ ವಾಕ್ಯ ಒಂದು. ಫೋನ್ ಮಾಡಿದವರ ಮನೆಯ ರೇಡಿಯೋ ಲೈನಿನಲ್ಲಿ ಕಿರುಗುಟ್ಟದಿರಲಿ ಎಂದು ಪ್ರತಿ ಕರೆಯಲ್ಲೂ ಆಕೆ ರಾಗವಾಗಿ ಹೇಳುತ್ತಿದ್ದಳು: “ಸ್ವಲ್ಪ ವಾಲ್ಯೂಮ್ ಕಡಿಮೆ ಮಾಡಿ!” ಈಗ ಪಾಡ್‌ಕಾಸ್ಟಿನ ಹೆಸರೂ ಅದೇ, ಮೇಜಿನ ಮೇಲಿನ ಮಗ್ಗಿನಲ್ಲಿ ಅಚ್ಚಾದದ್ದೂ ಅದೇ. ಬೂತಾಯಿ ಮೀನು ಮಾರುವ ಹೆಂಗಸರು ಕೂಡ ಬೆನಿಟಾಳನ್ನು ಕಂಡರೆ ಅದನ್ನೇ ಹೇಳಿ ನಗುತ್ತಿದ್ದರು. ಯಾವ ಪ್ರಶಸ್ತಿ ಬಂದಿದ್ದರೂ ಆಕೆಗೆ ಅಷ್ಟು ಖುಷಿಯಾಗುತ್ತಿರಲಿಲ್ಲ.

ಆಕೆಯ ತಮ್ಮ ಡೆನ್ಜಿಲ್ ಕ್ಯಾಮೆರಾ ಆನ್ ಮಾಡಿ ಹೆಬ್ಬೆರಳು ತೋರಿಸಿದ. ಬೆನಿಟಾ ಸುರು ಮಾಡಿದಳು. “ಒಂದು ಶನಿವಾರವನ್ನೂ ಬಿಡದೆ ಫೋನ್ ಮಾಡಿದ ಬಂದರಿನ ಅಮ್ಮಣಿ ಇವತ್ತು ನಮ್ಮೆದುರೇ ಕೂತಿದ್ದಾರೆ! ಅಮ್ಮಣಿಯವರೇ, ಪ್ರತಿ ಸಲ ನಾನು ನಿಮಗೆ ಎಂತ ಹೇಳ್ತಿದ್ದೆ?”

“ಕಡಿಮೆ ಮಾಡಿ ಅಂತ.”

“ಅಷ್ಟು ಜೋರು ಯಾಕೆ ಇಡ್ತಿದ್ದದ್ದು ಮಾರಾಯ್ರೆ? ಇಡೀ ಬಂದರಿಗೆ ಕೇಳ್ಬೇಕಾ?”

“ಬಂದರಿಗೆ ಎಂತಕ್ಕೆ? ಇವರಿಗೆ.” ಅಮ್ಮಣಿ ಗಂಡನ ಕಡೆ ಕೈ ತೋರಿಸಿದರು. “ರೇಡಿಯೋ ಇವರ ತಲೆದಿಂಬಿನ ಹತ್ತಿರ ಇರ್ತಿತ್ತು. ಫುಲ್ ಇಟ್ರೆ ಮಾತ್ರ ಇವರಿಗೆ ಕೇಳುದು. ಶನಿವಾರ ಶನಿವಾರ ನಾನು ಇವರ ಹೆಸರು ಹೇಳಿಯೇ ಹಾಡು ಕೇಳ್ತಿದ್ದದ್ದು, ನಿಮಗೆ ಗೊತ್ತುಂಟಲ್ಲ? ನೀವು ಕಡಿಮೆ ಮಾಡಿ ಅಂದ ಕೂಡಲೇ ರಿಸೀವರ್ ಕೆಳಗಿಟ್ಟು ಒಳಗೆ ಓಡುದು, ಕಡಿಮೆ ಮಾಡಿ ಪುನಃ ಫೋನ್ ಇದ್ದ ಚಾವಡಿಗೆ ಬಂದು ಮಾತಾಡುದು. ಹಾಡು ಸುರುವಾದ ಮೇಲೆ ಹೋಗಿ ಜೋರು ಮಾಡುದು. ಇವರಿಗೆ ಹಾಡು ಕೇಳ್ತಿತ್ತು. ಹೆಸರು ಒಂದು ದಿನವೂ ಕೇಳ್ಳಿಲ್ಲ.”

ಬೆನಿಟಾ ಮಗ್ಗನ್ನು ಎತ್ತಿಕೊಂಡವಳು ಕುಡಿಯದೆ ಕೆಳಗಿಟ್ಟಳು. “ನನಗೆ ಒಂದು ಮಾತು ಹೇಳ್ಬಹುದಿತ್ತಲ್ಲ?”

“ಹೇಗೆ ಹೇಳುದು? ಸಿಗುದೇ ಒಂದು ನಿಮಿಷ. ಹೇಳಿದ ಹಾಗೆ ಮಾಡದಿದ್ರೆ ನೀವು ಲೈನ್ ಕಟ್ ಮಾಡ್ತಿದ್ರಿ. ನಮ್ಮ ಪಕ್ಕದ ಮನೆಯ ಮುಮ್ತಾಝಿನದ್ದು ಎರಡು ಸಲ ಕಟ್ ಮಾಡಿದ್ದೀರಿ.” ಸಿಟ್ಟಿಲ್ಲದೆ, ಬಸ್ಸಿನ ಟೈಮ್ ಹೇಳುವಷ್ಟು ಸಾದಾ ದನಿಯಲ್ಲಿ ಅಮ್ಮಣಿ ಹೇಳಿದರು. “ಇವರು ಇವತ್ತಿಗೂ ನಂಬುದಿಲ್ಲ. ನಾನು ರೇಡಿಯೋದಲ್ಲಿ ನನ್ನ ಹೆಸರು ಹೇಳಿಕೊಳ್ಳಿಕ್ಕೆ ಮಾತ್ರ ಫೋನ್ ಮಾಡುದಂತೆ. ಮುಮ್ತಾಝ್ ಸಾಕ್ಷಿ ಹೇಳಿದ್ರೆ, ನೀವಿಬ್ಬರೂ ಒಂದೇ ಅಂತಾರೆ. ನೆಂಟರೆದುರು ತಮಾಷೆ ಮಾಡ್ತಾರೆ. ಎಲ್ಲರೂ ನಗ್ತಾರೆ, ನಾನೂ ನಗ್ತೇನೆ. ಆದ್ರೆ ನನಗೆ ಬೇಸರ ಆಗ್ತದೆ ಮೇಡಂ. ನೀವು ಇವರಿಗೆ ಒಮ್ಮೆ ಹೇಳ್ಬೇಕು.”

“ಅಕ್ಕ, ಇದು ಕಟ್ ಮಾಡ್ಲಾ?” ಡೆನ್ಜಿಲ್ ಮೆಲ್ಲಗೆ ಕೇಳಿದ. ಬೆನಿಟಾಗೆ ನಾಚಿಕೆಯಾಗಿತ್ತು. ಹದಿನಾಲ್ಕು ವರ್ಷ ಎಷ್ಟು ಗತ್ತಿನಿಂದ ಹೇಳಿದ್ದೆ, ದೇವರೇ! “ಎಂತದೂ ಕಟ್ ಮಾಡ್ಬೇಡ,” ಎಂದಳು. “ಅಮ್ಮಣಿಯವರೇ, ನಾನು ಹೇಳಿದ್ರೆ ಅದಕ್ಕೂ ನಗ್ತಾರೆ. ನೀವೇ ಹೇಳಿದ್ದು ನನ್ನ ಹತ್ತಿರ ಉಂಟು.”

ಕಂತಿನ ಕೊನೆಗೆ ಅಚ್ಚರಿ ಮಾಡಲೆಂದು ಆಕೆ ಪೆನ್‌ಡ್ರೈವಿನಿಂದ ಅಮ್ಮಣಿಯ ಒಂದು ಹಳೆಯ ಕರೆಯನ್ನು ಹುಡುಕಿ ಇಟ್ಟಿದ್ದಳು. ಡೆನ್ಜಿಲ್ ದೊಡ್ಡ ಹೆಡ್‌ಫೋನನ್ನು ನೋಣಯ್ಯನವರ ಕಿವಿಗೆ ಕೂರಿಸಿ, ಗುಂಡಿಯನ್ನು ಕೊನೆಯವರೆಗೆ ತಿರುಗಿಸಿ ಪ್ಲೇ ಒತ್ತಿದ. ಅಮ್ಮಣಿ ಸೆರಗಿನ ತುದಿ ಹಿಡಿದು ಗಂಡನ ಮುಖವನ್ನೇ ನೋಡುತ್ತಾ ಕುಳಿತರು.

ನೋಣಯ್ಯನವರ ಹುಬ್ಬು ಮೇಲೇರಿತು. “ಓಹೋ, ಕೇಳ್ತದೆ! ಸರಿಯಾಗಿ ಕೇಳ್ತದೆ!” ಎಂದು ಕೋಣೆ ಅದುರುವಂತೆ ಹೇಳಿದರು. ಮರುಕ್ಷಣ ಏನೋ ತಪ್ಪು ಮಾಡಿದವರ ಹಾಗೆ ಗಡಿಬಿಡಿಯಿಂದ ಎರಡೂ ಕೈಯಲ್ಲಿ ಹೆಡ್‌ಫೋನ್ ತೆಗೆದು ಡೆನ್ಜಿಲನಿಗೆ ಚಾಚಿದರು. “ಕಡಿಮೆ ಮಾಡ್ಬೇಕಂತೆ. ಆ ಮೇಡಂ ಹೇಳ್ತಾ ಇದ್ದಾರೆ.”

ಡೆನ್ಜಿಲನ ಕೈಯಲ್ಲಿದ್ದ ಹೆಡ್‌ಫೋನಿನಿಂದ ಅಮ್ಮಣಿಯ ಹಳೆಯ ದನಿ ಸಣ್ಣಗೆ ಕೇಳಿಸಿತು. “ಹಾಂ, ಕಡಿಮೆ ಮಾಡಿದೆ ಮೇಡಂ. ಈ ಹಾಡು ನಮ್ಮ ಯಜಮಾನರು ನೋಣಯ್ಯ ಅವರಿಗೆ…”

“ನೋಡಿ, ಯಾವಾಗಲೂ ಹೀಗೆಯೇ ಆದದ್ದು,” ಎಂದರು ಅಮ್ಮಣಿ.

ಡೆನ್ಜಿಲ್ ಕ್ಲಿಪ್ ನಿಲ್ಲಿಸಿ, ಹೆಡ್‌ಫೋನನ್ನು ಪುನಃ ನೋಣಯ್ಯನವರ ಕಿವಿಗೆ ಕೂರಿಸಿದ. “ಎಲ್ಲಿಂದ ಪ್ಲೇ ಮಾಡ್ಲಿ ಅಕ್ಕ?”

“ನನ್ನ ಮಾತು ಮುಗಿದಲ್ಲಿಂದ,” ಎಂದಳು ಬೆನಿಟಾ.